ಜಮೈಕಾದ ಜನಪದ ಗೀತೆಗಳನ್ನು ಕಾಯ್ದ ಆಲಿವ್ ಲೆವಿನ್

ಒಂದು ನಾಡಿನ ಚರಿತ್ರೆ ಎರಡು ಕಡೆ ದಾಖಲಾಗಿರುತ್ತದೆ. ಒಂದು ಸರಕಾರದ ದಫ್ತರದಲ್ಲಿ; ಮತ್ತೊಂದು ಜನರ ನಾಲಗೆಯ ಮೇಲೆ. ದಫ್ತರದಲ್ಲಿ ಅರಸರ ಹೆಸರು, ಕರಾರು, ಕಂದಾಯ, ಯುದ್ಧಗಳ ತಾರೀಖು ಸಿಗುತ್ತವೆ. ಬಿತ್ತಿದವರು ಯಾರು, ಬೀಸಿದವರು ಯಾರು, ಅವರು ಯಾವುದಕ್ಕೆ ನಕ್ಕರು, ಯಾವುದಕ್ಕೆ ಅತ್ತರು ಎಂಬುದನ್ನು ತಿಳಿಯಬೇಕಾದರೆ ನಾಲಗೆಯ ಮೇಲಿನ ಚರಿತ್ರೆಯನ್ನೇ ಕೇಳಬೇಕು. ಆದರೆ ಕಾಗದದ ಚರಿತ್ರೆಗೆ ಕಪಾಟು ಇದೆ. ನಾಲಗೆಯ ಚರಿತ್ರೆಗೆ ಕಪಾಟು ಇಲ್ಲ. ಹಾಡುವ ಮುದುಕಿ ಮಣ್ಣಿಗೆ ಹೋದ ದಿನವೇ ಅವಳ ಹಾಡೂ ಮಣ್ಣಿಗೆ ಹೋಗುತ್ತದೆ.

ಈ ಮಾತು ಎಲ್ಲ ನಾಡುಗಳಿಗೂ ಅನ್ವಯಿಸುತ್ತದೆ. ಆದರೆ ತನ್ನ ಚರಿತ್ರೆಯನ್ನು ಬರೆದಿಡುವ ಅವಕಾಶವೇ ಇಲ್ಲದಿದ್ದ ಜನಕ್ಕೆ ಇದು ಎರಡು ಪಟ್ಟು ಅನ್ವಯಿಸುತ್ತದೆ. ಅಂಥ ಒಂದು ಜನಾಂಗದ ಹಾಡುಗಳನ್ನು ಉಳಿಸುವುದಕ್ಕಾಗಿ ತನ್ನ ಆಯುಷ್ಯದ ಬಹುಭಾಗವನ್ನು ಸವೆಸಿದ ಮಹಿಳೆ ಡಾ. ಆಲಿವ್ ಲೆವಿನ್ (1927–2013). ಅವರು ಶಾಲಾ ಶಿಕ್ಷಕರ ಮಗಳು, ಸ್ವತಃ ಶಿಕ್ಷಕಿ, ಪಿಯಾನೋ ವಿದುಷಿ, ಸಂಗ್ರಾಹಕಿ, ಗಾಯನ ಮೇಳದ ಸ್ಥಾಪಕಿ. ಶಾಲೆಯೊಂದರ ಸುವರ್ಣ ಮಹೋತ್ಸವದ ಈ ಸಂದರ್ಭದಲ್ಲಿ ಅವರ ಸಾಧನೆಯನ್ನು ಪರಿಚಯಿಸುವುದು ಉಚಿತವೆಂದು ಭಾವಿಸಿ ಈ ಲೇಖನವನ್ನು ವಾಚಕರ ಮುಂದಿಡಲಾಗಿದೆ.

ದ್ವೀಪ ಮತ್ತು ಅಲ್ಲಿಯ ಜನ

ಜಮೈಕಾ ಎಂದೊಡನೆ ನಮ್ಮವರಿಗೆ ನೆನಪಾಗುವುದು ಕ್ರಿಕೆಟ್ಟು, ಓಟದ ವೀರರು ಮತ್ತು ಬಾಬ್ ಮಾರ್ಲಿಯ ರೆಗೆ ಸಂಗೀತ. ಕೆರಿಬಿಯನ್ ಸಮುದ್ರದಲ್ಲಿರುವ ಈ ದ್ವೀಪದ ವಿಸ್ತಾರ ಸುಮಾರು 11,000 ಚದರ ಕಿಲೋಮೀಟರು. ನಮ್ಮ ಸೋಲಾಪುರ ಜಿಲ್ಲೆಗಿಂತಲೂ ಅದು ಚಿಕ್ಕದು. ಜನಸಂಖ್ಯೆ 30 ಲಕ್ಷವನ್ನು ಮುಟ್ಟುವುದಿಲ್ಲ.

1494ರಲ್ಲಿ ಕೊಲಂಬಸನು ಅಲ್ಲಿಗೆ ಬಂದಾಗ ದ್ವೀಪದಲ್ಲಿ ತೈನೋ ಎಂಬ ಮೂಲನಿವಾಸಿಗಳಿದ್ದರು. ಸ್ಪೇನಿನವರ ಆಳ್ವಿಕೆಯಲ್ಲಿ ದುಡಿತದಿಂದಲೂ ರೋಗದಿಂದಲೂ ಅವರು ಬಹುಮಟ್ಟಿಗೆ ನಾಶವಾದರು. 1655ರಲ್ಲಿ ದ್ವೀಪವನ್ನು ಇಂಗ್ಲಿಷರು ಗೆದ್ದುಕೊಂಡರು. ಕಬ್ಬಿನ ತೋಟಗಳಲ್ಲಿ ದುಡಿಸುವುದಕ್ಕಾಗಿ ಪಶ್ಚಿಮ ಹಾಗೂ ಮಧ್ಯ ಆಫ್ರಿಕದಿಂದ ಲಕ್ಷಾಂತರ ಜನರನ್ನು ಸಂಕಲೆ ತೊಡಿಸಿ ತಂದರು. ಒಂದೇ ಭಾಷೆಯವರು ಒಂದೆಡೆ ಉಳಿಯಲಿಲ್ಲ. ಅಕಾನ್, ಇಗ್ಬೋ, ಕಾಂಗೋ ಮೊದಲಾದ ನಾನಾ ಬುಡಕಟ್ಟುಗಳವರು ಒಂದೇ ತೋಟದಲ್ಲಿ ಕೂಡಿ ದುಡಿದರು. ಒಡೆಯರ ಇಂಗ್ಲಿಷು ಮತ್ತು ತಮ್ಮ ತಾಯ್ನುಡಿಗಳು ಬೆರೆತು ಅವರ ಬಾಯಲ್ಲಿ ಹೊಸದೊಂದು ನುಡಿ ಹುಟ್ಟಿತು. ಅದೇ ಪಾಟ್ವಾ. ಅದಕ್ಕೆ ಆಸ್ಥಾನವಿಲ್ಲ, ಕಚೇರಿಯಿಲ್ಲ, ಬಹುಕಾಲ ಲಿಪಿಯ ಆಸರೆಯೂ ಇರಲಿಲ್ಲ. ಇದ್ದದ್ದು ಕಥೆ, ಗಾದೆ ಮತ್ತು ಹಾಡು ಮಾತ್ರ.

ಹಾಡನ್ನೂ ಒಡೆಯರು ಸುಮ್ಮನೆ ಬಿಟ್ಟವರಲ್ಲ. ಡೋಲು ಮತ್ತು ಕೊಂಬಿನ ಧ್ವನಿಯಿಂದ ದೂರದವರಿಗೆ ಸಂದೇಶ ಮುಟ್ಟಿಸಬಹುದೆಂಬ ಭಯದಿಂದ ಗುಲಾಮಗಿರಿಯ ಕಾಲದ ಕಾಯಿದೆಗಳು ಅವುಗಳನ್ನು ನಿರ್ಬಂಧಿಸಿದವು. ಆ ಭಯ ನಿರಾಧಾರವಾಗಿರಲಿಲ್ಲ. ತೋಟಗಳಿಂದ ತಪ್ಪಿಸಿಕೊಂಡು ಬೆಟ್ಟ ಸೇರಿದ ಮರೂನ್ ಎಂಬ ಜನರು ಅಬೆಂಗ್ ಎಂಬ ಕೊಂಬನ್ನೂದಿ, ದಂಡು ಬರುವ ಸುದ್ದಿಯನ್ನು ಬೆಟ್ಟದಿಂದ ಬೆಟ್ಟಕ್ಕೆ ದಾಟಿಸುತ್ತಿದ್ದರು. ಅವರನ್ನು ಸೋಲಿಸಲಾರದೆ ಬ್ರಿಟಿಷರು 1739ರಲ್ಲಿ ಒಪ್ಪಂದ ಮಾಡಿಕೊಳ್ಳಬೇಕಾಯಿತು. ವಾದ್ಯವೊಂದು ಸ್ವಾತಂತ್ರ್ಯದ ಆಯುಧವೂ ಆಗಬಲ್ಲದೆಂಬುದಕ್ಕೆ ಇದಕ್ಕಿಂತ ಬೇರೆ ನಿದರ್ಶನ ಬೇಕಿಲ್ಲ. 1838ರಲ್ಲಿ ಗುಲಾಮಗಿರಿ ಸಂಪೂರ್ಣವಾಗಿ ಕೊನೆಗೊಂಡಿತು. 1962ರ ಆಗಸ್ಟ್ 6ರಂದು ದೇಶ ಸ್ವತಂತ್ರವಾಯಿತು.

ಹಾಡುಗಳ ಬಗೆಗಳು

ಇಂಥ ಹಿನ್ನೆಲೆಯಿಂದ ಬಂದ ಜನರ ಹಾಡು ಬದುಕಿನ ಪ್ರತಿಯೊಂದು ಕೆಲಸಕ್ಕೂ ಅಂಟಿಕೊಂಡಿರುವುದು ಸಹಜ. ಅದರ ಮುಖ್ಯ ಬಗೆಗಳನ್ನು ತಿಳಿದುಕೊಂಡರೆ ಲೆವಿನ್ ಅವರು ಉಳಿಸಹೊರಟದ್ದು ಏನನ್ನು ಎಂಬುದು ಮನಗಾಣುತ್ತದೆ.

ಮೊದಲನೆಯದು ದುಡಿಮೆಯ ಹಾಡು. ಗೆಣಸು ನೆಡಲು ನೆಲ ಅಗೆಯುವ ಕೆಲಸ ಒಬ್ಬನಿಂದಾಗುವಂಥದಲ್ಲ. ಇಂದು ನಿನ್ನ ಹೊಲ, ನಾಳೆ ನನ್ನ ಹೊಲ ಎಂದು ರೈತರು ಒಬ್ಬರಿಗೊಬ್ಬರು ಆಳಾಗಿ ಹೋಗುವ ಪದ್ಧತಿ ಅಲ್ಲಿಯೂ ಉಂಟು. ನಾವು ಇದನ್ನು ಮುಯ್ಯಾಳು ಎನ್ನುತ್ತೇವೆ. ಸಾಲಾಗಿ ನಿಂತವರ ನಡುವೆ ಒಬ್ಬ ಹಾಡುಗಾರನಿರುತ್ತಾನೆ. ಅನೇಕ ವೇಳೆ ಅವನ ಕೈಯಲ್ಲಿ ಗುದ್ದಲಿಯಿರುವುದಿಲ್ಲ. ಹಾಡುವುದೇ ಅವನ ಕೆಲಸ. ಅವನು ಒಂದು ಸಾಲನ್ನೆತ್ತುತ್ತಾನೆ. ಅಷ್ಟರಲ್ಲಿ ಗುದ್ದಲಿಗಳು ಮೇಲೇರುತ್ತವೆ. ಉಳಿದವರು ಚಿಕ್ಕ ಪಲ್ಲವಿಯನ್ನು ಹೇಳುತ್ತಾರೆ. ಗುದ್ದಲಿಗಳೆಲ್ಲ ಒಟ್ಟಿಗೆ ನೆಲಕ್ಕೆ ಬೀಳುತ್ತವೆ. ಮುಂದಾಳಿಗೆ ಬೊಮ್ಮಾ ಎಂದೂ, ಹಿಂದಿನವರು ಹಿಡಿಯುವ ಪಲ್ಲವಿಗೆ ಬಾಬಿನ್ ಎಂದೂ ಹೆಸರು. ಸಾಲಿನ ಉದ್ದವನ್ನು ಉಸಿರಿನ ಉದ್ದವೇ ನಿರ್ಣಯಿಸುತ್ತದೆ. ಆದುದರಿಂದ ಆ ಹಾಡನ್ನು ಕುರ್ಚಿಯ ಮೇಲೆ ಕುಳಿತು ಹಾಡಿದರೆ ಅದರ ಲಯದ ಕಾರಣವೇ ತಿಳಿಯುವುದಿಲ್ಲ. ನಮ್ಮ ಕಣದಲ್ಲಿ ದನ ಕಟ್ಟಿ ಹಂತಿ ಹೊಡೆಯುವಾಗ ಹಾಡುತ್ತಿದ್ದ ಹಂತಿಯ ಪದಗಳನ್ನು ಕೇಳಿ ಬಲ್ಲ ಹಿರಿಯರಿಗೆ ಇದನ್ನು ವಿವರಿಸುವ ಅಗತ್ಯವಿಲ್ಲ.

ಎರಡನೆಯದು ಸಾವಿನ ಮನೆಯ ಹಾಡು. ಯಾರಾದರೂ ತೀರಿಕೊಂಡರೆ ನೆರೆಹೊರೆಯವರು ಕೂಡಿ ರಾತ್ರಿಗಳನ್ನು ಕಳೆಯುತ್ತಾರೆ. ಒಂಬತ್ತನೆಯ ರಾತ್ರಿ ಸತ್ತವರ ಆತ್ಮವನ್ನು ಬೀಳ್ಕೊಡುತ್ತಾರೆ. ಸಂತ ಮೇರಿಯ ಹೆಸರಿನ ಸೀಮೆಯಲ್ಲಿ ಈ ರಾತ್ರಿಗಳಂದು ಡಿಂಕಿ ಮಿನಿ ಎಂಬ ಕುಣಿತ ನಡೆಯುತ್ತದೆ. ಅದು ಅಳುವ ಕುಣಿತವಲ್ಲ, ನಗಿಸುವ ಕುಣಿತ. ಸಾವು ಬಂದ ಮನೆಯಲ್ಲಿ ಬದುಕು ಸೋತಿಲ್ಲವೆಂದು ತೋರಿಸುವುದೇ ಅದರ ಉದ್ದೇಶ. ಬಿದಿರಿನ ಮೇಲಿನ ಸಿಬಿರನ್ನೇ ತಂತಿಯಂತೆ ಎಬ್ಬಿಸಿ, ಒಬ್ಬನು ಕಡ್ಡಿಯಿಂದ ಬಡಿಯುತ್ತಿರಲು ಇನ್ನೊಬ್ಬನು ಸೋರೆಬುರುಡೆಯನ್ನು ಅದರ ಮೇಲೆ ಜಾರಿಸಿ ನುಡಿಸುವ ಬೆಂಟಾ ಎಂಬ ವಾದ್ಯ ಅದಕ್ಕೆ ಜೊತೆ. ಅದೇ ರಾತ್ರಿ ಅನಾನ್ಸಿ ಎಂಬ ಜೇಡನ ಕಥೆಗಳೂ ನಡೆಯುತ್ತವೆ. ದೊಡ್ಡ ಮೃಗಗಳನ್ನು ಬುದ್ಧಿಯಿಂದ ಮೋಸಗೊಳಿಸುವ ಈ ಜೇಡ ಆಫ್ರಿಕದ ಅಕಾನ್ ಜನರ ಕಥೆಗಳಿಂದ ಹಡಗು ಹತ್ತಿ ಬಂದವನು.

ಮೂರನೆಯದು ಮಕ್ಕಳ ಆಟದ ಹಾಡು. ವರ್ತುಲವಾಗಿ ನಿಂತು, ನಡುವೆ ಒಬ್ಬಳನ್ನು ಬಿಟ್ಟು ಹಾಡುವ ಆಟಗಳಲ್ಲಿ ಇಂಗ್ಲೆಂಡಿನಿಂದ ಬಂದ ಧಾಟಿಗಳು ಆಫ್ರಿಕದ ತಾಳಕ್ಕೆ ಒಗ್ಗಿಕೊಂಡಿವೆ. ನಾಲ್ಕನೆಯದು ಮೆಂಟೊ ಎಂಬ ಮನರಂಜನೆಯ ಗೀತೆ. ಬ್ಯಾಂಜೋ, ಗಿಟಾರು, ಬಿದಿರಿನ ಕೊಳಲು ಮತ್ತು ರುಂಬಾ ಪೆಟ್ಟಿಗೆ ಅದರ ವಾದ್ಯಗಳು. ಲೋಹದ ಪಟ್ಟಿಗಳನ್ನು ಜೋಡಿಸಿದ ದೊಡ್ಡ ಮರದ ಪೆಟ್ಟಿಗೆಯ ಮೇಲೆ ವಾದಕನು ಕುಳಿತು, ಆ ಪಟ್ಟಿಗಳನ್ನು ಬೆರಳಿನಿಂದ ಮೀಟಿ ಮಂದ್ರಸ್ವರ ಹೊರಡಿಸುತ್ತಾನೆ. ಊರಿನ ಸುದ್ದಿ, ಸಂತೆಯ ನಷ್ಟ, ಗಂಡಹೆಂಡಿರ ಜಗಳ, ಪೋಲೀಸರ ಫಜೀತಿ ಎಲ್ಲವೂ ಮೆಂಟೊದ ವಸ್ತುಗಳೇ. ಮುಂದೆ ಬಂದ ಸ್ಕಾ ಮತ್ತು 1968ರ ಹೊತ್ತಿಗೆ ರೂಪುಗೊಂಡ ರೆಗೆ ಸಂಗೀತಗಳ ಹಿನ್ನೆಲೆಯಲ್ಲಿ ಈ ಮೆಂಟೊ ಇದೆ. ಇವುಗಳಲ್ಲದೆ ಕ್ರಿಸ್‌ಮಸ್ ಕಾಲದ ಜಂಕನೂ ಎಂಬ ಸೋಗಿನ ಮೆರವಣಿಗೆ, ಬಿಡುಗಡೆಯ ನೆನಪಿಗೆ ರಾಜ-ರಾಣಿಯರ ವೇಷದಲ್ಲಿ ಕೆಂಪು ಹಾಗೂ ನೀಲಿ ಪಂಗಡಗಳು ಸ್ಪರ್ಧಿಸುವ ಬ್ರುಕಿನ್ಸ್ ಎಂಬ ಕುಣಿತ, ರಿವೈವಲ್ ಪಂಥದ ಭಜನೆ, ಕುಮಿನಾ ಎಂಬ ಪಿತೃಪೂಜೆಯ ಸಂಗೀತ ಮುಂತಾದವು ಸೇರಿ ಒಂದು ದೊಡ್ಡ ಭಂಡಾರವೇ ಆಗುತ್ತದೆ.

ಲೆವಿನ್‌ಗಿಂತ ಮೊದಲು

ಈ ಭಂಡಾರದ ಕಡೆಗೆ ಕಣ್ಣು ಹಾಯಿಸಿದವರಲ್ಲಿ ಆಲಿವ್ ಲೆವಿನ್ ಮೊದಲಿಗರಲ್ಲ. 1687ರಲ್ಲಿ ಜಮೈಕಾಕ್ಕೆ ಬಂದ ವೈದ್ಯ ಹ್ಯಾನ್ಸ್ ಸ್ಲೋನ್, ಗುಲಾಮರ ಹಾಡುಗಳನ್ನು ಬ್ಯಾಪ್ಟಿಸ್ಟ್ ಎಂಬ ಸಂಗೀತಗಾರನಿಂದ ಬರೆಯಿಸಿಕೊಂಡು, 1707ರಲ್ಲಿ ತನ್ನ ಪ್ರವಾಸ ಗ್ರಂಥದಲ್ಲಿ ಅಚ್ಚು ಹಾಕಿಸಿದನು. ಅದರ ತರುವಾಯ ಬಹುಕಾಲ ಕಳೆದ ಮೇಲೆ, ಜಮೈಕಾದ ಬೆಟ್ಟಗಳಲ್ಲಿ ನೆಲೆಸಿದ ವಾಲ್ಟರ್ ಜೀಕಲ್ ಎಂಬ ಇಂಗ್ಲಿಷಿನವನು ಅನಾನ್ಸಿ ಕಥೆ, ಅಗೆತದ ಹಾಡು, ಆಟದ ಹಾಡು, ಕುಣಿತದ ಹಾಡುಗಳನ್ನು ಸಂಗ್ರಹಿಸಿ 1907ರಲ್ಲಿ ಪ್ರಕಟಿಸಿದನು. ಪಾಟ್ವಾದಲ್ಲಿಯೇ ಕವಿತೆ ಬರೆದು, ಅದೇ ನುಡಿಯಲ್ಲಿ ರಂಗದ ಮೇಲೆ ಮಾತನಾಡಿ ಜನಪ್ರಿಯರಾದ ಲೂಯಿಸ್ ಬೆನೆಟ್ (1919–2006) ಅವರು 1954ರಲ್ಲಿ ಜನಪದ ಗೀತೆಗಳ ಧ್ವನಿಮುದ್ರಿಕೆಯೊಂದನ್ನು ಹೊರತಂದರು. ಸಮಾಜಶಾಸ್ತ್ರದ ಅಭ್ಯಾಸಿಯಾಗಿದ್ದ ಎಡ್ವರ್ಡ್ ಸಿಯಾಗ ಬಡವರ ಕೇರಿಗಳಲ್ಲಿ ವಾಸಿಸಿ, ಅಲ್ಲಿಯ ಧಾರ್ಮಿಕ ಸಂಗೀತವನ್ನು ಧ್ವನಿಮುದ್ರಿಸಿ 1956ರಲ್ಲಿ ಪ್ರಕಟಿಸಿದರು. ಮುಂದೆ 1980ರಿಂದ 1989ರ ವರೆಗೆ ದೇಶದ ಪ್ರಧಾನಿಯಾದವರು ಇವರೇ.

ಆದರೂ ಸಾಮಾನ್ಯ ವಿದ್ಯಾವಂತರ ಮನೋಭಾವ ಬೇರೆಯಾಗಿತ್ತು. ವಸಾಹತು ಕಾಲದ ಶಾಲೆಗಳಲ್ಲಿ ಕಲಿಸುತ್ತಿದ್ದುದು ಇಂಗ್ಲೆಂಡಿನ ಗೀತೆಗಳನ್ನು ಮತ್ತು ಚರ್ಚಿನ ಸ್ತೋತ್ರಗಳನ್ನು. ಮನೆಯ ನುಡಿ ಒಡಕು ನುಡಿ, ಮನೆಯ ಹಾಡು ಅನಾಗರಿಕರ ಹಾಡು ಎಂಬ ತಿಳಿವಳಿಕೆ ಮಕ್ಕಳ ಮನಸ್ಸಿನಲ್ಲಿ ಬೇರೂರಿತ್ತು. ಡೋಲಿನ ಪೂಜೆಯನ್ನು ಪಾದ್ರಿಗಳು ಹೀಗಳೆಯುತ್ತಿದ್ದರು. ಓದಿದವನು ಹಳ್ಳಿಯ ಹಾಡನ್ನು ಮರೆತರೆ ಮಾತ್ರ ಓದು ಸಾರ್ಥಕವೆಂಬಂತೆ ಆಗಿತ್ತು. ಹಾಡುಗಳಿಗೆ ಒದಗಿದ ನಿಜವಾದ ಅಪಾಯ ಇದೇ. ನಿಷೇಧವನ್ನು ಎದುರಿಸಿ ಇನ್ನೂರು ವರುಷ ಬಾಳಿದ ಹಾಡು, ನಾಚಿಕೆಯ ಮುಂದೆ ಎರಡು ತಲೆಮಾರು ಕೂಡ ನಿಲ್ಲಲಾರದು.

ಶಿಕ್ಷಕರ ಮನೆಯಿಂದ

ಆಲಿವ್ ಲೆವಿನ್ ಹುಟ್ಟಿದ್ದು 1927ರ ಸೆಪ್ಟೆಂಬರ್ 28ರಂದು, ಕ್ಲಾರೆಂಡನ್ ಪ್ರಾಂತದ ವೀರ್ ಎಂಬ ಸೀಮೆಯಲ್ಲಿ. ಅದು ಕಬ್ಬಿನ ತೋಟಗಳ ಬಯಲುಸೀಮೆ. ತಂದೆತಾಯಿಗಳಿಬ್ಬರೂ ಶಿಕ್ಷಕರು. ಮಗಳು ಪಾಶ್ಚಾತ್ಯ ಶಾಸ್ತ್ರೀಯ ಸಂಗೀತದಲ್ಲಿ ಪರಿಣತಿ ಪಡೆದು, ಲಂಡನ್ನಿನ ರಾಯಲ್ ಅಕಾಡೆಮಿ ಆಫ್ ಮ್ಯೂಸಿಕ್ ಸಂಸ್ಥೆಯಲ್ಲಿ ಅಭ್ಯಾಸ ಮಾಡಿದರು. ಮುಂದೆ ಬೆಲ್‌ಫಾಸ್ಟಿನ ಕ್ವೀನ್ಸ್ ವಿಶ್ವವಿದ್ಯಾಲಯದಲ್ಲಿ ಸಂಗೀತವನ್ನು ಸಮಾಜದ ಜೊತೆಯಲ್ಲಿಟ್ಟು ಅಭ್ಯಸಿಸುವ ಶಾಸ್ತ್ರವನ್ನು ಅಧ್ಯಯನ ಮಾಡಿದರು. ಆ ಕಾಲದಲ್ಲಿ ಇಷ್ಟು ಓದಿದ ಜಮೈಕಾದ ಹೆಣ್ಣುಮಗಳೊಬ್ಬಳು ಪಿಯಾನೋ ಕಲಿಸಿಕೊಂಡು, ಮರ್ಯಾದೆಯಿಂದ, ನೆಮ್ಮದಿಯಾಗಿ ಬಾಳಬಹುದಾಗಿತ್ತು. ಅವರು ಹಾಗೆ ಮಾಡಲಿಲ್ಲ ಎಂಬುದೇ ಅವರ ಹಿರಿಮೆ.

ಸ್ವಾತಂತ್ರ್ಯ ಬಂದ ಕೆಲವೇ ವರುಷಗಳಲ್ಲಿ, ಆಗ ಸಚಿವರಾಗಿದ್ದ ಸಿಯಾಗ ಅವರು ಜನಪದ ಸಂಗೀತದ ಸಂಶೋಧನೆಯ ಹೊಣೆಯನ್ನು ಲೆವಿನ್ ಅವರಿಗೆ ವಹಿಸಿದರು. ಬಾವುಟ ಹೊಸದು, ರಾಷ್ಟ್ರಗೀತೆ ಹೊಸದು. ಆದರೆ ಜನರಿಗೆ ನಾವು ಯಾರು ಎಂಬ ಪ್ರಶ್ನೆಗೆ ಉತ್ತರ ಬೇಕಾಗಿತ್ತು. ಆ ಉತ್ತರವನ್ನು ಹುಡುಕುವ ಕೆಲಸದಲ್ಲಿ ಅವರು ಧ್ವನಿಮುದ್ರಣ ಯಂತ್ರದೊಡನೆ ಹಳ್ಳಿಗಳನ್ನು ತಿರುಗತೊಡಗಿದರು.

ಸಂಗ್ರಹದ ಕಷ್ಟ

ಹಾಡು ಸಂಗ್ರಹಿಸುವುದೆಂದರೆ ಹೂ ಕೊಯ್ದಂತೆ ಎಂದು ತಿಳಿದವರುಂಟು. ವಾಸ್ತವದಲ್ಲಿ ಅದು ಹಾಗಲ್ಲ. ಮೊದಲನೆಯ ತೊಡಕು ವಿಶ್ವಾಸದ್ದು. ತಲೆಮಾರುಗಟ್ಟಲೆ ಹೀಯಾಳಿಕೆ ಕಂಡ ಜನ, ಪೇಟೆಯಿಂದ ಬಂದ ವಿದ್ಯಾವಂತರೆದುರು ತಮ್ಮ ಒಳಮನೆಯ ಹಾಡನ್ನು ಒಮ್ಮೆಲೇ ತೆರೆದಿಡುವುದಿಲ್ಲ. ಪೂಜೆಗೆ ಸಂಬಂಧಿಸಿದ ಹಾಡಾದರಂತೂ ಅದನ್ನು ಹೊತ್ತಲ್ಲದ ಹೊತ್ತಿನಲ್ಲಿ ಹಾಡುವುದೇ ದೋಷ.

ಎರಡನೆಯ ತೊಡಕು ಬರವಣಿಗೆಯದು. ಪಾಶ್ಚಾತ್ಯ ಸ್ವರಲಿಪಿಯಲ್ಲಿ ಪಿಯಾನೋದ ಮನೆಗಳಿಗೆ ಹೊಂದುವ ಸ್ವರಗಳಿಗೆ ಮಾತ್ರ ಸ್ಥಾನವಿದೆ. ಹಳ್ಳಿಯ ಹಾಡುಗಾರ ಎರಡು ಸ್ವರಗಳ ನಡುವೆ ಜಾರುತ್ತಾನೆ. ಮುಂದಾಳಿನ ಸಾಲು ಮುಗಿಯುವ ಮೊದಲೇ ಹಿಂದಿನವರು ಎತ್ತಿಕೊಳ್ಳುತ್ತಾರೆ. ಡೋಲು ಒಂದು ಎಣಿಕೆಯಲ್ಲಿದ್ದರೆ ಹಾಡು ಇನ್ನೊಂದು ಎಣಿಕೆಯಲ್ಲಿರುತ್ತದೆ. ಇವೆಲ್ಲವನ್ನು ಐದು ಗೆರೆಗಳೊಳಗೆ ಕೂಡಿಸಹೊರಟರೆ ಅಸ್ಥಿಪಂಜರ ಉಳಿಯಬಹುದು, ರಕ್ತಮಾಂಸ ಉಳಿಯಲಾರದು.

ಮೂರನೆಯದು ಸಂದರ್ಭದ ತೊಡಕು. ಯಾರು ಹಾಡಿದರು, ಯಾವಾಗ ಹಾಡುತ್ತಾರೆ, ಯಾವಾಗ ಹಾಡಬಾರದು, ಹಾಡುವಾಗ ಕೈಕಾಲು ಏನು ಮಾಡುತ್ತಿರುತ್ತವೆ ಎಂಬುದನ್ನು ಬರೆದುಕೊಳ್ಳದಿದ್ದರೆ ಹಾಡು ಬೇರಿಲ್ಲದ ಸಸಿಯಾಗುತ್ತದೆ.

ಲೆವಿನ್ ಅವರು ಹಾಡಿನೊಡನೆ ಹಾಡುವವರನ್ನೂ ಅವರ ನಂಬಿಕೆ, ನಡಾವಳಿಗಳನ್ನೂ ಅಭ್ಯಸಿಸಿದರು. ಸಂಗೀತಗಾರ್ತಿಯಾದ ಅವರನ್ನು ಸಮಾಜಶಾಸ್ತ್ರಜ್ಞೆಯೆಂದೂ ಗೌರವಿಸುವುದು ಈ ಕಾರಣದಿಂದ. 1973ರಲ್ಲಿ ಅವರು ಸಂಪಾದಿಸಿದ 'ಜಮೈಕಾದ ನಲವತ್ತು ಜನಪದ ಗೀತೆಗಳು' ಎಂಬ ಸಂಗ್ರಹವನ್ನು ಅಮೆರಿಕ ಖಂಡದ ರಾಷ್ಟ್ರಗಳ ಸಂಘಟನೆ ಪ್ರಕಟಿಸಿತು. 1974ರಲ್ಲಿ 'ಬ್ರೌನ್ ಗ್ಯಾಲ್ ಇನ್ ದೆ ರಿಂಗ್' ಎಂಬ ಇನ್ನೊಂದು ಸಂಗ್ರಹ ಬಂದಿತು. ಮಕ್ಕಳು ಬೀದಿಯಲ್ಲಿ ಹಾಡುತ್ತಿದ್ದ ಹಾಡುಗಳು ಸಂಗೀತದ ಪಾಠಕ್ಕೆ ಯೋಗ್ಯವೆಂಬ ಮನ್ನಣೆ ಪಡೆದವು. ಒಂದು ಕಾಲಕ್ಕೆ ಶಾಲೆ ಹೊರದೂಡಿದ್ದ ಹಾಡು ಪುಸ್ತಕರೂಪದಲ್ಲಿ ಶಾಲೆಯ ಬಾಗಿಲಿಗೆ ಮರಳಿ ಬಂದಂತಾಯಿತು.

ಕುಮಿನಾ ಮತ್ತು ಕ್ವೀನಿ

ಲೆವಿನ್ ಅವರ ಸಂಶೋಧನೆಯಲ್ಲಿ ಅತ್ಯಂತ ಬೆಲೆಯುಳ್ಳದ್ದು ಕುಮಿನಾವನ್ನು ಕುರಿತ ಭಾಗ. ಗುಲಾಮಗಿರಿ ನಿಂತ ಮೇಲೆ, 1840 ಮತ್ತು 1860ರ ದಶಕಗಳ ನಡುವೆ, ಮಧ್ಯ ಆಫ್ರಿಕದ ಕಾಂಗೋ ಪ್ರದೇಶದ ಜನರನ್ನು ಕರಾರು ಕೂಲಿಗಳಾಗಿ ಜಮೈಕಾಕ್ಕೆ ತಂದರು. ಇವರಲ್ಲಿ ಅನೇಕರು ಸೇಂಟ್ ಥಾಮಸ್ ಸೀಮೆಯಲ್ಲಿ ನೆಲೆಸಿದರು. ಅವರು ತಂದ ಪಿತೃಪೂಜೆಯೇ ಕುಮಿನಾ.

ಅದಕ್ಕೆ ಎರಡು ಮುಖ್ಯ ಡೋಲುಗಳು. ಕಬಂಡು ಎಂಬುದು ಮಂದ್ರಸ್ವರದಲ್ಲಿ ಸ್ಥಿರವಾದ ನಡೆಯನ್ನು ಹಿಡಿಯುತ್ತದೆ. ಇನ್ನೊಂದು ಡೋಲು ಅದರ ಮೇಲೆ ತೊಡಕಿನ ಲಯಗಳನ್ನು ಹೆಣೆಯುತ್ತದೆ. ಆತ್ಮಗಳನ್ನು ಕರೆಯುವುದು ಈ ಎರಡನೆಯ ಡೋಲೆಂದು ನಂಬಿಕೆ. ವಾದಕನು ಡೋಲನ್ನು ನೆಲಕ್ಕೆ ಅಡ್ಡವಾಗಿ ಕೆಡವಿ, ಕುದುರೆ ಹತ್ತಿದಂತೆ ಅದರ ಮೇಲೆ ಕುಳಿತು ಕೈಗಳಿಂದ ಬಾರಿಸುತ್ತ, ಚರ್ಮಕ್ಕೆ ಹಿಮ್ಮಡಿಯನ್ನು ಒತ್ತಿ ಸ್ವರವನ್ನು ಏರಿಳಿಸುತ್ತಾನೆ. ಅವನ ಹಿಂದೆ ಇನ್ನೊಬ್ಬನು ಡೋಲಿನ ಒಡಲ ಮೇಲೆಯೇ ಕಡ್ಡಿಗಳಿಂದ ತಾಳ ಹಾಕುತ್ತಾನೆ. ಹಾಡುಗಳಲ್ಲಿ ಎರಡು ತೆರ. ಒಂದು ಪಾಟ್ವಾದಲ್ಲಿ ಹಾಡುವ ಹಗುರವಾದ ಬೈಲೋ. ಇನ್ನೊಂದು ಕಾಂಗೋ ನುಡಿಯ ಶಬ್ದಗಳು ತುಂಬಿದ ಪೂಜೆಯ ಹಾಡು. ಸಮುದ್ರ ದಾಟಿ ಒಂದೂವರೆ ಶತಮಾನ ಕಳೆದರೂ ಆ ಶಬ್ದಗಳು ಹಾಡಿನ ಗೂಡಿನಲ್ಲಿ ಬೆಚ್ಚಗೆ ಉಳಿದವು. ಆಡುಮಾತಿನಿಂದ ಅಳಿದ ನುಡಿ ಹಾಡಿನಲ್ಲಿ ಉಳಿಯುವ ಈ ಚಮತ್ಕಾರ ಭಾಷಾಭ್ಯಾಸಿಗಳೆಲ್ಲ ಗಮನಿಸತಕ್ಕದ್ದು.

ಇದರ ದೊಡ್ಡ ಅಧಿಕಾರಿಣಿ ಇಮೊಜಿನ್ ಕೆನೆಡಿ. ಜನ ಆಕೆಯನ್ನು ಕ್ವೀನಿ, ಎಂದರೆ ರಾಣಿ, ಎಂದೇ ಕರೆಯುತ್ತಿದ್ದರು. ಸೇಂಟ್ ಥಾಮಸ್ ಸೀಮೆಯ ಬಡಕುಟುಂಬದಲ್ಲಿ ಹುಟ್ಟಿದ ಆಕೆ, ಎಳೆಯ ಪ್ರಾಯದಲ್ಲಿ ಬೂರುಗದ ಮರದ ಪೊಟರೆಯಲ್ಲಿ ಇಪ್ಪತ್ತೊಂದು ದಿನ ಅನ್ನಾಹಾರಗಳಿಲ್ಲದೆ ಇದ್ದು ಹಿರಿಯರಿಂದ ವಿದ್ಯೆ ಪಡೆದುದಾಗಿ ಹೇಳಿಕೊಳ್ಳುತ್ತಿದ್ದಳು. ಇಂಗ್ಲೆಂಡಿನಲ್ಲಿ ಓದಿ ಬಂದ ವಿದುಷಿ ಈ ಹಳ್ಳಿಗಾಡಿನ ಹೆಣ್ಣುಮಗಳ ಬಳಿ ವಿದ್ಯಾರ್ಥಿನಿಯಾಗಿ ಕುಳಿತರು. 2000ನೆಯ ಇಸವಿಯಲ್ಲಿ ವೆಸ್ಟ್ ಇಂಡೀಸ್ ವಿಶ್ವವಿದ್ಯಾಲಯದ ಮುದ್ರಣಾಲಯದಿಂದ ಬಂದ ಅವರ ಮಹಾಗ್ರಂಥ 'ರಾಕ್ ಇಟ್ ಕಮ್ ಓವರ್' ಜಮೈಕಾದ ಸಮಗ್ರ ಜನಪದ ಸಂಗೀತವನ್ನು ವಿವರಿಸಿ, ವಿಶೇಷ ಭಾಗವೊಂದನ್ನು ಕುಮಿನಾಕ್ಕೂ ಕ್ವೀನಿಗೂ ಮೀಸಲಿಡುತ್ತದೆ. ಉಪಶೀರ್ಷಿಕೆಯಲ್ಲಿಯೇ ಆಕೆಯ ಹೆಸರಿದೆ. ಸಂಗ್ರಾಹಕರ ಹೆಸರು ಮೆರೆದು ಹಾಡಿದವರ ಹೆಸರು ಮರೆಯಾಗುವುದು ಲೋಕರೂಢಿ. ಲೆವಿನ್ ಆ ರೂಢಿಯನ್ನು ಮುರಿದರು. ಕ್ವೀನಿ 1998ರಲ್ಲಿ ತೀರಿಕೊಂಡಿದ್ದಳು. ಆಕೆ ಬದುಕಿದ್ದಾಗಲೇ ಕೇಳಿ ಬರೆದುಕೊಂಡಿರದಿದ್ದರೆ ಆ ಗ್ರಂಥದ ಈ ಭಾಗ ಹುಟ್ಟುತ್ತಲೇ ಇರಲಿಲ್ಲ.

ಅಂಗಳದಿಂದ ವೇದಿಕೆಗೆ

ಬರೆದಿಟ್ಟರೆ ಹಾಡು ಉಳಿಯುತ್ತದೆ. ಆದರೆ ಅದು ಬದುಕುವುದು ಹಾಡಿದಾಗ ಮಾತ್ರ. ಇದನ್ನರಿತ ಲೆವಿನ್ 1967ರಲ್ಲಿ 'ಜಮೈಕನ್ ಫೋಕ್ ಸಿಂಗರ್ಸ್' ಎಂಬ ಗಾಯನ ಮೇಳವನ್ನು ಕಟ್ಟಿದರು. ಸಂಗ್ರಹಿಸಿದ ಹಾಡುಗಳನ್ನು ಅವುಗಳ ನುಡಿ, ನಡೆ, ಕುಣಿತ, ಉಡುಪುಗಳೊಡನೆ ಸಭೆಯ ಮುಂದಿಡುವುದು ಮೇಳದ ಗುರಿ. ದೇಶದೊಳಗೂ ಹೊರಗೂ ಅದು ಕಾರ್ಯಕ್ರಮಗಳನ್ನು ನೀಡಿತು. ಪೇಟೆಯ ವಿದ್ಯಾವಂತರು ತಮ್ಮ ಅಜ್ಜಿಯರ ಹಾಡುಗಳಿಗೆ ರಂಗಮಂದಿರದಲ್ಲಿ ಕುಳಿತು ಚಪ್ಪಾಳೆ ತಟ್ಟಿದರು. ನಾಚಿಕೆ ಹೋಗಿ ಹೆಮ್ಮೆ ಬರುವುದಕ್ಕೆ ಅದು ದಾರಿಯಾಯಿತು.

ಇಲ್ಲಿ ಒಂದು ಆಕ್ಷೇಪವನ್ನು ಎತ್ತಬಹುದು. ಅಗೆತದ ಹಾಡನ್ನು ನೆಲವಿಲ್ಲದ ವೇದಿಕೆಯ ಮೇಲೆ, ತರಬೇತಿ ಪಡೆದ ಕಂಠಗಳಿಂದ ಹಾಡಿಸಿದರೆ ಅದು ಜನಪದವಾಗಿ ಉಳಿಯುವುದೇ? ಪೂಜೆಯ ಕುಣಿತಕ್ಕೆ ಟಿಕೀಟು ಇಟ್ಟರೆ ಅದರಲ್ಲಿ ದೈವ ಉಳಿಯುವುದೇ? ಆಕ್ಷೇಪದಲ್ಲಿ ಹುರುಳಿದೆ. ವೇದಿಕೆಯ ಹಾಡು ಅಂಗಳದ ಹಾಡಿನ ಭಾವಚಿತ್ರವೇ ಹೊರತು ಅದೇ ಅಲ್ಲ. ಆದರೆ ಅಗೆತವೇ ಯಂತ್ರದ ಪಾಲಾಗುತ್ತಿರುವಾಗ ಅಗೆತದ ಹಾಡನ್ನು ಹೊಲದಲ್ಲಿಯೇ ಉಳಿಸುತ್ತೇವೆಂಬುದು ಆಗದ ಮಾತು. ಉಳಿದ ದಾರಿ ಎರಡು: ಮರೆಯುವುದು, ಇಲ್ಲವೆ ರೂಪ ಬದಲಾದರೂ ಬಾಯಲ್ಲಿಡುವುದು. ಸ್ವಾತಂತ್ರ್ಯಾನಂತರ ಜಮೈಕಾ ಸರಕಾರ ವರ್ಷಂಪ್ರತಿ ಏರ್ಪಡಿಸತೊಡಗಿದ ಉತ್ಸವ ಸ್ಪರ್ಧೆಗಳಲ್ಲಿ ಶಾಲೆಯ ಮಕ್ಕಳು ಡಿಂಕಿ ಮಿನಿ, ಬ್ರುಕಿನ್ಸ್ ಮುಂತಾದ ಕುಣಿತಗಳನ್ನು ಕಲಿತು ಆಡತೊಡಗಿದರು. ಕ್ಷೀಣಿಸುತ್ತಿದ್ದ ಕೆಲವು ಪ್ರಕಾರಗಳು ಹೀಗೆ ಚೇತರಿಸಿಕೊಂಡವು. ವೇದಿಕೆಯೂ ಬೇಕು, ಅದರ ಹಿಂದೆ ಮೂಲದ ಪ್ರಾಮಾಣಿಕ ದಾಖಲೆಯೂ ಬೇಕು ಎಂಬುದನ್ನು ಲೆವಿನ್ ತಮ್ಮ ಕೆಲಸದಿಂದಲೇ ತೋರಿಸಿದರು.

ನೆನಪಿನ ಭಂಡಾರ

1980ರ ದಶಕದಲ್ಲಿ ಅವರು ಪ್ರಧಾನಮಂತ್ರಿಗಳ ಕಚೇರಿಯಲ್ಲಿ ಕಲೆ ಮತ್ತು ಸಂಸ್ಕೃತಿಯ ನಿರ್ದೇಶಕರಾಗಿದ್ದರು. ಆ ದಶಕದ ಆರಂಭದಲ್ಲಿ 'ಮೆಮೊರಿ ಬ್ಯಾಂಕ್' ಎಂಬ ಯೋಜನೆ ಅವರ ನೇತೃತ್ವದಲ್ಲಿ ರೂಪುಗೊಂಡಿತು. ನೆನಪಿನ ಭಂಡಾರ ಎಂದು ಅದನ್ನು ಕನ್ನಡದಲ್ಲಿ ಕರೆಯಬಹುದು. ಹಣದ ಬ್ಯಾಂಕಿನಲ್ಲಿ ಉಳ್ಳವರು ಠೇವಣಿ ಇಡುತ್ತಾರೆ. ಈ ಬ್ಯಾಂಕಿನಲ್ಲಿ ಬಡ ಮುದುಕರೇ ದೊಡ್ಡ ಠೇವಣಿದಾರರು. ಊರೂರುಗಳಲ್ಲಿ ಹಿರಿಯರನ್ನು ಕಂಡು, ಅವರ ಹಾಡು, ಕಥೆ, ಮದ್ದು, ಅಡುಗೆ, ಕಸುಬು, ಆಚರಣೆಗಳ ನೆನಪನ್ನು ಧ್ವನಿಮುದ್ರಿಸಿಡುವುದು ಅದರ ಕೆಲಸ. ಈ ಯೋಜನೆ ಮುಂದೆ ಅಲ್ಲಿಯ ಆಫ್ರಿಕನ್ ಕೆರಿಬಿಯನ್ ಅಧ್ಯಯನ ಸಂಸ್ಥೆಯೊಡನೆ ಕೂಡಿಕೊಂಡಿತು. ಅದೇ ದಶಕದಲ್ಲಿ ಲೆವಿನ್ ಎಳೆಯರಿಗಾಗಿ ವಾದ್ಯವೃಂದವೊಂದನ್ನೂ ಆರಂಭಿಸಿದರು. ಜನಪದವನ್ನು ಪ್ರೀತಿಸಿದವರು ಶಾಸ್ತ್ರೀಯವನ್ನು ದ್ವೇಷಿಸಬೇಕಾಗಿಲ್ಲ ಎಂಬುದಕ್ಕೆ ಇದು ಸಾಕ್ಷಿ.

ಅವರು 2013ರ ಏಪ್ರಿಲ್ 10ರಂದು ನಿಧನರಾದರು. ಅವರ ಪೀಳಿಗೆಯ ಶ್ರಮದಿಂದ ತಮ್ಮ ನಾಡಿನ ಸಂಗೀತವನ್ನು ಜಮೈಕಾದವರು ಕಂಡ ಕಣ್ಣೇ ಬದಲಾಯಿತು. ಮೂರ್‌ ಟೌನಿನ ಮರೂನ್ ಜನರ ಪರಂಪರೆಯನ್ನು 2003ರಲ್ಲಿ ಮತ್ತು ರೆಗೆ ಸಂಗೀತವನ್ನು 2018ರಲ್ಲಿ ಯುನೆಸ್ಕೋ ಮಾನವಕುಲದ ಅಮೂರ್ತ ಪರಂಪರೆಯೆಂದು ಮನ್ನಿಸಿತು. 1967ರಲ್ಲಿ ಹುಟ್ಟಿದ ಲೆವಿನ್ ಅವರ ಮೇಳಕ್ಕೆ 2017ರಲ್ಲಿ ಐವತ್ತು ತುಂಬಿತು.

ನಮ್ಮ ನಾಡಿನ ನಂಟು

ಇಷ್ಟು ದೂರದ ದ್ವೀಪಕ್ಕೂ ನಮ್ಮ ದೇಶಕ್ಕೂ ನಂಟಿದೆಯೆಂದರೆ ವಾಚಕರಿಗೆ ಆಶ್ಚರ್ಯವಾದೀತು. 1845ರ ಮೇ 10ರಂದು ಬ್ಲಂಡೆಲ್ ಎಂಬ ಹಡಗು ಭಾರತದ ಕೂಲಿಗಳನ್ನು ಹೊತ್ತು ಓಲ್ಡ್ ಹಾರ್ಬರ್ ಕೊಲ್ಲಿಯನ್ನು ಸೇರಿತು. ಮುಂದಿನ ಸುಮಾರು ಎಪ್ಪತ್ತು ವರುಷಗಳಲ್ಲಿ 36,000ಕ್ಕೂ ಹೆಚ್ಚು ಭಾರತೀಯರು ಕರಾರು ಕೂಲಿಗಳಾಗಿ ಅಲ್ಲಿಗೆ ಹೋದರು. ಬಹುಪಾಲು ಜನ ಕಲ್ಕತ್ತೆಯ ಬಂದರಿನಿಂದ ಹೊರಟವರು. ಲೆವಿನ್ ಹುಟ್ಟಿದ ಕ್ಲಾರೆಂಡನ್ನಿನ ಕಬ್ಬಿನ ಸೀಮೆ ಅವರು ನೆಲೆಸಿದ ಮುಖ್ಯ ಪ್ರದೇಶಗಳಲ್ಲೊಂದು.

ಅವರು ತಮ್ಮೊಡನೆ ಮೊಹರಂ ಹಬ್ಬವನ್ನು ಒಯ್ದರು. ಅಲ್ಲಿ ಅದಕ್ಕೆ ಹೊಸೇ ಎಂದು ಹೆಸರು. ಹುಸೇನ್ ಎಂಬುದರ ರೂಪಾಂತರ. ಬಿದಿರು ಮತ್ತು ಬಣ್ಣದ ಕಾಗದದಿಂದ ತಾಜಿಯಾ ಕಟ್ಟಿ, ಡೋಲು ಬಾರಿಸುತ್ತ ಮೆರೆಸಿ ನೀರಿಗೆ ಬಿಡುತ್ತಾರೆ. ಅದನ್ನು ಹೊರುವವರಲ್ಲಿ ಹಿಂದೂಗಳು, ಮುಸಲ್ಮಾನರು, ಆಫ್ರಿಕ ಮೂಲದವರು ಎಲ್ಲರೂ ಇರುತ್ತಾರೆ. ಊರೆಲ್ಲ ಕೂಡಿ ಅಲಾಯಿ ಕುಣಿದು ರಿವಾಯತ ಪದ ಹಾಡುವ ನಮ್ಮ ಸೀಮೆಯವರಿಗೆ ಇದು ಪರಕೀಯವೆನಿಸದು. ಜಂಕನೂ ಮೆರವಣಿಗೆಯ ಸೋಗುಗಳಲ್ಲಿ ಬಾಬು ಎಂಬ ಭಾರತೀಯ ದನಗಾಹಿಯ ವೇಷವೂ ಸೇರಿಕೊಂಡಿದೆ. ಇನ್ನೊಂದು ಸ್ವಾರಸ್ಯವೆಂದರೆ, ಜಮೈಕಾದ ಹೆಂಗಸರ ಸಾಂಪ್ರದಾಯಿಕ ಉಡುಪಿನ ಬಂಡಾನಾ ಬಟ್ಟೆ ಮೂಲದಲ್ಲಿ ಮದ್ರಾಸಿನ ಚೌಕಳಿ ಬಟ್ಟೆ. ದಕ್ಷಿಣ ಭಾರತದ ನೇಕಾರರ ಮಗ್ಗದಿಂದ ಹಡಗು ಹತ್ತಿ ಹೋದ ಅರಿವೆ, ಜಮೈಕಾದವರ ಸ್ವಂತದ್ದೆಂಬಂತೆ ಅವರ ಜನಪದ ವೇದಿಕೆಗಳಲ್ಲಿ ಮೆರೆಯುತ್ತದೆ. ಶುದ್ಧವಾದ, ಬೆರಕೆಯಿಲ್ಲದ ಜನಪದ ಎಂಬುದು ಎಲ್ಲಿಯೂ ಇಲ್ಲ. ಬಂದದ್ದನ್ನು ತನ್ನದಾಗಿಸಿಕೊಳ್ಳುವ ಶಕ್ತಿಯೇ ಜನಪದದ ಜೀವಾಳ.

ನಮಗೆ ಇದರ ಪಾಠ

ಗಡಿಯಾಚೆ ಉಳಿದ ಕನ್ನಡಿಗರಿಗೆ ಲೆವಿನ್ ಅವರ ಬಾಳಿನಿಂದ ದೊರೆಯುವ ಪಾಠ ಸ್ಪಷ್ಟವಾಗಿದೆ. ನಮ್ಮ ಭಾಷೆಗೆ ಲಿಪಿಯಿದೆ, ಸಾಹಿತ್ಯವಿದೆ, ಶಾಲೆಯಿದೆ. ಪಾಟ್ವಾ ಆಡುವವರಿಗೆ ಇಲ್ಲದ ಭಾಗ್ಯ ನಮಗಿದೆ. ಆದರೂ ಕಚೇರಿಯ ನುಡಿ ಒಂದು, ಸಂತೆಯ ನುಡಿ ಒಂದು, ಮನೆಯ ನುಡಿ ಒಂದು ಎಂಬ ಸ್ಥಿತಿಯಲ್ಲಿ ಮನೆಯ ನುಡಿಗೆ ಒದಗುವ ಸಂಕೋಚ ನಮಗೆ ಅಪರಿಚಿತವಲ್ಲ. ಬೀಸುಕಲ್ಲು ಮೂಲೆ ಸೇರಿದ ಮೇಲೆ ಬೀಸುವ ಪದ ಮೂಕವಾಯಿತು. ರಾಶಿಯ ಯಂತ್ರ ಬಂದ ಮೇಲೆ ಹಂತಿಯ ಪದ ಕಣ ಬಿಟ್ಟಿತು. ಭೀಮಾತೀರದ ಹಲಸಂಗಿಯ ಗೆಳೆಯರು ಸಕಾಲದಲ್ಲಿ ಎಚ್ಚತ್ತು 'ಗರತಿಯ ಹಾಡು' ಸಂಗ್ರಹಿಸಿದ್ದರಿಂದ ಒಂದಷ್ಟು ಸಂಪತ್ತು ಉಳಿಯಿತು. ಗಡಿಯ ಈಚೆಗೆ ಉಳಿದ ಊರುಗಳಲ್ಲಿ ಇನ್ನೂ ಯಾರೂ ಕೇಳದ ಹಾಡುಗಳು ಎಷ್ಟೋ ಅಜ್ಜಿಯರ ನೆನಪಿನಲ್ಲಿರಬಹುದು.

ಈ ಕೆಲಸಕ್ಕೆ ಪಂಡಿತರೇ ಬೇಕೆಂದಿಲ್ಲ. ಇಂದು ಪ್ರತಿಯೊಂದು ಮನೆಯಲ್ಲಿಯೂ ಧ್ವನಿಮುದ್ರಿಸುವ ಮೊಬೈಲ್ ಫೋನು ಇದೆ. ಭಾರವಾದ ಯಂತ್ರಗಳ ಕಾಲದಲ್ಲಿ ಕೆಲಸ ಆರಂಭಿಸಿದವರಿಗೆ ಇಲ್ಲದ ಅನುಕೂಲವಿದು. ಶಾಲೆಯ ಮಕ್ಕಳು ರಜೆಯಲ್ಲಿ ತಮ್ಮ ಮನೆಯ ಹಿರಿಯರೆದುರು ಕುಳಿತು, ಹಾಡಿದವರ ಹೆಸರು, ಊರು, ವಯಸ್ಸು, ಯಾರಿಂದ ಕಲಿತರು, ಯಾವ ಕೆಲಸಕ್ಕೆ 혹 ಯಾವ ಹಬ್ಬಕ್ಕೆ ಹಾಡುತ್ತಿದ್ದರು ಎಂಬುದನ್ನು ಕೇಳಿ ಬರೆದಿಟ್ಟರೆ ಅದೇ ಒಂದು ನೆನಪಿನ ಭಂಡಾರವಾದೀತು. ಹಳೆಯ ವಿದ್ಯಾರ್ಥಿಗಳು ಮನಸ್ಸು ಮಾಡಿದರೆ ಶಾಲೆಯ ಗ್ರಂಥಾಲಯದಲ್ಲಿ ಅದಕ್ಕೊಂದು ಕಪಾಟು ದೊರೆಯುವುದು ಕಷ್ಟವಲ್ಲ.

ಐವತ್ತು ವರುಷ ಕನ್ನಡ ಅಕ್ಷರವನ್ನು ಕಲಿಸಿದ ಶಾಲೆ, ಮುಂದಿನ ಐವತ್ತು ವರುಷಗಳಲ್ಲಿ ಕನ್ನಡದ ದನಿಯನ್ನೂ ಕಾಯ್ದಿಡಲಿ. ಅಂಥ ಕೆಲಸ ಯಾರ ಮನೆಯ ಅಂಗಳದಿಂದಲಾದರೂ ಆರಂಭವಾಗಬಹುದು. ಆದರೆ ಹಾಡುವವರು ನಮ್ಮೊಡನಿರುವಾಗಲೇ ಆರಂಭವಾಗಬೇಕು.